ಮೇಸ್ತ್ರಿಗಳ ಊರಲ್ಲಿ ಆರು ದಿನ

ಬ್ರೆಜಿಲ್‌ನಿಂದ ವಾಪಸ್ ಬರುವಾಗ ನಮ್ಮ ವಿಮಾನ ನಿಲ್ದಾಣಗಳಲ್ಲಿ ಹಳದಿ ಜ್ವರದ ಲಸಿಕೆಯ ಕಾರ್ಡ್ ಕೇಳುತ್ತಾರೆ. ಇಲ್ಲದಿದ್ದರೆ ಆರು ದಿನದವರೆಗೂ ಪ್ರತ್ಯೇಕವಾಗಿ ಇರಿಸಬಹುದು. ಲಸಿಕೆ ಹಾಕಿಸಿ 10 ದಿನ ಕಳೆದ ಮೇಲಷ್ಟೇ ಆ ಕಾರ್ಡಿಗೆ ಬೆಲೆ. ಹಾಗಾಗಿ ವೀಸಾದ ಓಡಾಟದ ಜೊತೆಗೇ ಈ ಕೆಲಸವನ್ನೂ ಮುಗಿಸಿಕೊಳ್ಳಬೇಕು. ನೇರ ವಿಮಾನವಿಲ್ಲ. ಸಾವೊ ಪಾಲೊ ತಲುಪಿ, ಅಲ್ಲಿಂದ ಇನ್ನೊಂದು ಎರಡೂವರೆ ಗಂಟೆ ಹಾರಿದರೆ ಬಹಿಯಾ ರಾಜ್ಯದ ಸಾಲ್ವಡಾರ್.

ಈ ಆರು ದಿನದ ತಿರುಗಾಟ ಕಪೊಯೆರಾಕ್ಕಾಗಿ. ಆಫ್ರಿಕಾದಿಂದ ಗುಲಾಮರಾಗಿ ಬಂದವರು ಬ್ರೆಜಿಲ್‌ನಲ್ಲಿ ಬೆಳೆಸಿದ ವಿದ್ಯೆ ಅದು. ಕಾದಾಟ, ಕುಣಿತ, ಹಾಡು, ವಾದ್ಯ ನಾಲ್ಕೂ ಒಂದೇ ವೃತ್ತದೊಳಗೆ ನಡೆಯುತ್ತವೆ. ಕಲಿಸುವವರನ್ನು ಅಲ್ಲಿ ಮೆಸ್ತ್ರೆ ಎನ್ನುತ್ತಾರೆ. ನಮ್ಮ ಕಟ್ಟಡ ಕೆಲಸದ ಮೇಸ್ತ್ರಿ ಬಂದಿರುವುದು ಇದೇ ಪೋರ್ಚುಗೀಸ್ ಪದದಿಂದ. ಈ ಒಂದು ಪದವನ್ನು ಕೈಯಲ್ಲಿ ಹಿಡಿದುಕೊಂಡರೆ ಊರು ಅರ್ಥವಾಗುತ್ತಾ ಹೋಗುತ್ತದೆ.

ಮಂಗಳವಾರ

ಸಾಲ್ವಡಾರ್ ಎರಡು ಅಂತಸ್ತಿನ ಊರು. ಕೆಳಗೆ ಬಂದರು, ಸಂತೆ. ಮೇಲೆ ಗುಡ್ಡದಂಚಿನಲ್ಲಿ ಹಳೆಯ ಪೇಟೆ. ಎರಡನ್ನೂ ಕೂಡಿಸುವುದು 1873ರಲ್ಲಿ ಶುರುವಾದ ಲಾಸೆರ್ದಾ ಲಿಫ್ಟ್, 72 ಮೀಟರ್ ಎತ್ತರದ್ದು. 1549ರಿಂದ 1763ರವರೆಗೆ ಪೋರ್ಚುಗೀಸ್ ಬ್ರೆಜಿಲ್‌ನ ರಾಜಧಾನಿ ಇದೇ. ಆಫ್ರಿಕಾದ ಹಡಗುಗಳು ಜನರನ್ನು ಇಳಿಸಿದ ದೊಡ್ಡ ಬಂದರುಗಳಲ್ಲಿ ಇದೂ ಒಂದು. ಲಿಫ್ಟಿನಿಂದ ಹೊರಬಂದು ಹತ್ತು ನಿಮಿಷ ನಡೆದರೆ ಪೆಲೊರಿನ್ಯೊ. ಈ ಹೆಸರಿನ ಅರ್ಥ ಗೊತ್ತಿದ್ದೇ ಅಲ್ಲಿ ಕಾಲಿಡಬೇಕು: ಗುಲಾಮರನ್ನು ಕಟ್ಟಿ ಚಾಟಿಯಲ್ಲಿ ಹೊಡೆಯುತ್ತಿದ್ದ ಕಂಬ. ಬಣ್ಣ ಬಣ್ಣದ ಮನೆಗಳ ನಡುವೆ ಕಲ್ಲು ಹಾಸಿದ ಆ ಇಳಿಜಾರು ಚೌಕ 1985ರಿಂದ ಯುನೆಸ್ಕೊದ ವಿಶ್ವ ಪರಂಪರೆಯ ಪಟ್ಟಿಯಲ್ಲಿದೆ. ಕಲ್ಲುಗಳು ನುಣುಪಾಗಿ ಸವೆದಿವೆ, ಮಳೆ ಬಿದ್ದರೆ ಜಾರುತ್ತವೆ. ಹಿಡಿತವಿರುವ ಶೂ ಬೇಕು.

ಇಲ್ಲಿ ನೋಡಬೇಕಾದ ವಿಳಾಸ 19ನೇ ನಂಬರ್. ಕಪೊಯೆರಾ ಅಂಗೋಲಾ ಎಂಬ ಹಳೆಯ ಶೈಲಿಯನ್ನು ಉಳಿಸಿದ ಮೆಸ್ತ್ರೆ ಪಸ್ತಿನ್ಯಾ ಪಾಠ ಹೇಳುತ್ತಿದ್ದುದು ಈ ಮನೆಯಲ್ಲಿ. 1889ರಲ್ಲಿ ಹುಟ್ಟಿದವರು. ಚಿಕ್ಕವರಿದ್ದಾಗ ಬೆನೆದಿತೊ ಎಂಬ ಆಫ್ರಿಕನ್ ಮುದುಕರು ಇವರಿಗೆ ಕಲಿಸಿದರು. 1940ರ ದಶಕದ ಮೊದಲಲ್ಲಿ ತಮ್ಮ ಕೇಂದ್ರ ಕಟ್ಟಿದರು. ಶಿಷ್ಯರಿಗೆ ಹಳದಿ-ಕಪ್ಪು ಸಮವಸ್ತ್ರ ಕೊಟ್ಟರು, ವಾದ್ಯಗಳನ್ನು ಸಾಲಾಗಿ ಕೂರಿಸಿದರು, ಬೀದಿಯ ಆಟಕ್ಕೆ ಶಿಸ್ತು ತಂದರು. 1966ರಲ್ಲಿ ಸೆನೆಗಲ್‌ನ ಡಾಕಾರ್‌ನಲ್ಲಿ ಕಪ್ಪು ಜನರ ಕಲೆಗಳ ಮೊದಲ ವಿಶ್ವ ಉತ್ಸವ ನಡೆದಾಗ ಬ್ರೆಜಿಲ್‌ನಿಂದ ಹೋದವರಲ್ಲಿ ಇವರೂ ಇದ್ದರು. ಐದು ವರ್ಷ ಕಳೆದು, 1971ರಲ್ಲಿ, ದುರಸ್ತಿಗೆಂದು ಮನೆ ಖಾಲಿ ಮಾಡಿಸಿದರು. ಪಸ್ತಿನ್ಯಾ ಅಲ್ಲಿಗೆ ಮತ್ತೆ ಮರಳಲೇ ಇಲ್ಲ. ಕಣ್ಣು ಹೋಗಿತ್ತು, ಕೈಯಲ್ಲಿ ಕಾಸಿರಲಿಲ್ಲ. 1981ರ ನವೆಂಬರ್ 13ರಂದು, ಪಾಠ ಹೇಳಲು ಒಂದು ಸ್ವಂತ ಜಾಗವಿಲ್ಲದ ಸ್ಥಿತಿಯಲ್ಲೇ, 92ನೇ ವಯಸ್ಸಿನಲ್ಲಿ ತೀರಿಕೊಂಡರು.

ಈ ಊರಿನ ಇನ್ನೊಬ್ಬ ಹಿರಿಯರು ಮೆಸ್ತ್ರೆ ಬಿಂಬಾ. ಅವರದು ರೆಜಿಯೊನಾಲ್ ಎಂಬ ವೇಗದ ಶೈಲಿ. 1890ರ ದಂಡ ಸಂಹಿತೆಯ 402ನೇ ಕಲಮು ಬೀದಿಯಲ್ಲಿ ಕಪೊಯೆರಾ ಆಡಿದವರಿಗೆ ಎರಡರಿಂದ ಆರು ತಿಂಗಳ ಸೆರೆವಾಸ ವಿಧಿಸುತ್ತಿತ್ತು. ಗುಂಪಿನ ನಾಯಕರಿಗೆ ಅದರ ಎರಡರಷ್ಟು. ಗುಲಾಮಗಿರಿ ರದ್ದಾದದ್ದು 1888ರ ಮೇ 13ಕ್ಕೆ. ಬಿಡುಗಡೆಯಾಗಿ ಎರಡೇ ವರ್ಷಕ್ಕೆ ಬಿಡುಗಡೆಯಾದವರ ಆಟವೇ ಅಪರಾಧವಾಯಿತು. 1940ರ ಹೊಸ ಸಂಹಿತೆ ಬರುವವರೆಗೂ ಆ ಕಲಮು ಉಳಿದಿತ್ತು. ಅದು ಜಾರಿಯಲ್ಲಿದ್ದಾಗಲೇ, 1937ರಲ್ಲಿ, ಬಿಂಬಾ ತಮ್ಮ ಶಾಲೆಗೆ ಸರ್ಕಾರಿ ಪರವಾನಗಿ ಪಡೆದರು. ಇದು ಎಷ್ಟು ದೊಡ್ಡ ಕೆಲಸವೆಂದು ಕಾನೂನಿನ ವರ್ಷಗಳನ್ನು ಪಕ್ಕದಲ್ಲಿಟ್ಟು ನೋಡಿದರಷ್ಟೇ ತಿಳಿಯುತ್ತದೆ. 1953ರಲ್ಲಿ ರಾಷ್ಟ್ರಾಧ್ಯಕ್ಷ ವರ್ಗಾಸ್ ಎದುರು ಅವರ ತಂಡ ಪ್ರದರ್ಶನ ಕೊಟ್ಟಿತು. ಅಂಥವರೂ ಊರಲ್ಲಿ ಬೆಂಬಲವಿಲ್ಲದೆ ಗೊಯಾನಿಯಾಕ್ಕೆ ಹೋಗಿ 1974ರಲ್ಲಿ ಅಲ್ಲೇ ಕಣ್ಣು ಮುಚ್ಚಿದರು.

ಸಂಜೆ ಚೌಕದಲ್ಲೇ ಇರುವ ರೊಸಾರಿಯೊ ದೊಸ್ ಪ್ರೆತೊಸ್ ಚರ್ಚಿಗೆ ಹೋಗಿ. ಕಪ್ಪು ಜನರ ಸೋದರಕೂಟವೊಂದು 18ನೇ ಶತಮಾನದಲ್ಲಿ ತನ್ನ ಬಿಡುವಿನ ಹೊತ್ತಿನಲ್ಲಿ ಕಟ್ಟಿಕೊಂಡ ಚರ್ಚು ಅದು. ಮಂಗಳವಾರದ ಪೂಜೆಯಲ್ಲಿ ಆಫ್ರಿಕನ್ ಮದ್ದಳೆಗಳು ನುಡಿಯುತ್ತವೆ. ಮೇಲಿನ ಚೌಕಗಳಲ್ಲಿ ಪ್ರವಾಸಿಗರಿಗಾಗಿ ಪಲ್ಟಿ ಹೊಡೆಯುವ ಹುಡುಗರು ಸಿಗುತ್ತಾರೆ. ಫೋಟೊ ತೆಗೆದರೆ ದುಡ್ಡು ಕೇಳುತ್ತಾರೆ. ಮೊದಲೇ ಎಷ್ಟೆಂದು ಮಾತಾಡಿಕೊಳ್ಳಿ, ಮಾತಾಡಿದ್ದನ್ನು ಕೊಡಿ. ಅದು ಅವರ ದುಡಿಮೆ. ಕಪೊಯೆರಾ ನೋಡಿದೆವೆಂದು ಮಾತ್ರ ಅಲ್ಲಿಂದ ಎದ್ದು ಬರಬೇಡಿ.

ಬುಧವಾರ

ಇಡೀ ದಿನ ಬೆರಿಂಬಾವ್‌ಗೆ ಮೀಸಲು. ಕಾಲು ಎತ್ತುವುದನ್ನು ಕಲಿಯುವ ಮುಂಚೆ ಇದನ್ನು ಕಟ್ಟಲು ಕಲಿಯುವುದೇ ಸರಿಯಾದ ಕ್ರಮ, ಏಕೆಂದರೆ ಕಪೊಯೆರಾದ ಆಟಗಾರರು ಈ ವಾದ್ಯ ಹೇಳಿದಂತೆ ಕೇಳಬೇಕು. ಒಂಟಿ ತಂತಿಯ ಬಿಲ್ಲು, ಅದಕ್ಕೆ ಕಟ್ಟಿದ ಸೋರೆಬುರುಡೆ. ಬೇರು ಅಂಗೋಲಾದ ಹುಂಗುವಿನಂಥ ಬಿಲ್ಲುವಾದ್ಯಗಳಲ್ಲಿದೆ. ಗುಜರಾತಿನ ಸಿದ್ದಿಗಳು ನುಡಿಸುವ ಮಲುಂಗಾ ಕೂಡ ಇದೇ ಬಗೆಯದು: ಬಿಲ್ಲು, ಬುರುಡೆ, ಕಡ್ಡಿ. ನಮ್ಮ ಯಲ್ಲಾಪುರ, ಹಳಿಯಾಳ, ಮುಂಡಗೋಡದ ಸಿದ್ದಿಗಳ ಹಿರಿಯರಲ್ಲಿ ಬಹಳ ಮಂದಿ ಪೋರ್ಚುಗೀಸರ ಗೋವಾ ಮೂಲಕ ಬಂದವರು. ಅವರಲ್ಲಿ ಉಳಿದದ್ದು ಡಮಾಮಿ ವಾದ್ಯ ಮತ್ತು ಅದರ ಕುಣಿತ. ಒಂದೇ ಸಮುದ್ರ ವ್ಯಾಪಾರ ಎರಡು ದಿಕ್ಕಿಗೆ ಒಯ್ದ ಜನ ಇವರು.

ಬಿಲ್ಲಿನ ಕೋಲು ಬಿರಿಬಾ ಮರದ್ದು. ಸುಮಾರು ಏಳು ಗೇಣು ಉದ್ದ, ಹೆಬ್ಬೆರಳಿಗಿಂತ ತುಸು ದಪ್ಪ, ಗಂಟಿಲ್ಲದ ನೇರ ಕೋಲೇ ಬೇಕು. ಕೃಷ್ಣಪಕ್ಷದಲ್ಲಿ ಕಡಿದರೆ ಹುಳ ಹಿಡಿಯುವುದಿಲ್ಲವೆಂದು ಅಲ್ಲಿನವರೂ ನಂಬುತ್ತಾರೆ, ನಮ್ಮ ಬಿದಿರಿನ ಹಾಗೆಯೇ. ಹಸಿ ಇರುವಾಗ ಸಿಪ್ಪೆ ಸುಲಭವಾಗಿ ಬರುತ್ತದೆ. ಆಮೇಲೆ ನೆರಳಲ್ಲಿ ಒಣಗಿಸಬೇಕು. ಬಿಸಿಲಿಗಿಟ್ಟರೆ ಉದ್ದುದ್ದ ಬಿರಿಯುತ್ತದೆ. ದಪ್ಪ ತುದಿ ಕೆಳಗೆ. ಆ ತುದಿಯ ಸುತ್ತಲೂ ಚಾಕುವಿನಿಂದ ಕೆತ್ತಿ, ನಡುವೆ ಎರಡು ಮೂರು ಸೆಂಟಿಮೀಟರಿನ ಮೊಳೆಯಂಥ ಭಾಗ ಉಳಿಸುತ್ತಾರೆ. ತಂತಿಯ ಕುಣಿಕೆ ಕೂರುವುದು ಅಲ್ಲಿ. ಮೇಲಿನ ತುದಿಗೆ ಚಪ್ಪಲಿ ಅಟ್ಟೆಯಂಥ ದಪ್ಪ ಚರ್ಮದ ಬಿಲ್ಲೆ ಹೊಡೆಯುತ್ತಾರೆ. ಇದನ್ನು ಬಿಟ್ಟರೆ ತಂತಿ ಮರವನ್ನು ಗರಗಸದಂತೆ ಕೊಯ್ದು ಸೀಳುತ್ತದೆ.

ತಂತಿ ಬರುವುದು ಹಳೆಯ ಕಾರಿನ ಟೈರಿನಿಂದ. ಟೈರಿನ ಒಳ ಅಂಚನ್ನು ಕೊಯ್ದರೆ ಉಕ್ಕಿನ ತಂತಿಯ ಸುರುಳಿ ಸಿಗುತ್ತದೆ. ಒಂದೊಂದೇ ಎಳೆ ಬಿಡಿಸಿ, ಅಂಟಿದ ರಬ್ಬರನ್ನು ಚಾಕುವಿನಿಂದ ಹೆರೆದು, ಮರಳು ಕಾಗದದಲ್ಲಿ ಹೊಳೆಯುವವರೆಗೆ ಉಜ್ಜಬೇಕು. ರಬ್ಬರಿನ ಚೂರು ಉಳಿದರೆ ನಾದ ಮಂಕು. ಅಂಗಡಿಯ ಮೆದು ತಂತಿ ಹಾಕಿದರೆ ಬಿಗಿ ನಿಲ್ಲುವುದಿಲ್ಲ, ದಿನಕ್ಕೆ ಹತ್ತು ಸಲ ಎಳೆಯಬೇಕಾಗುತ್ತದೆ. ಒಂದು ತುದಿಗೆ ಕುಣಿಕೆ, ಇನ್ನೊಂದಕ್ಕೆ ಪುಟ್ಟ ಕೊಂಡಿ ಮಾಡಿ ಅದಕ್ಕೆ ಹುರಿ ಕಟ್ಟುತ್ತಾರೆ.

ಬುರುಡೆಯ ಬಾಯಿ ಕೊಯ್ದು, ಒಳಗಿನ ತಿರುಳನ್ನೂ ಬೀಜವನ್ನೂ ತೆಗೆದು ಕೆರೆಯಬೇಕು. ಬೆರಳ ತುದಿಯಿಂದ ತಟ್ಟಿದಾಗ ಗಟ್ಟಿ, ಒಣ ಸದ್ದು ಬಂದರೆ ಒಳ್ಳೆಯ ಬುರುಡೆ. ಎಲ್ಲಾದರೂ ಮೆತ್ತಗೆ ಕೇಳಿಸಿದರೆ ಅಲ್ಲಿ ಕೊಳೆತಿದೆ. ಬೆನ್ನಿಗೆ ಎರಡು ತೂತು ಹಾಕಿ ಹತ್ತಿಯ ಹುರಿ ಪೋಣಿಸುತ್ತಾರೆ. ದೊಡ್ಡ ಬುರುಡೆಯದು ಗುಂಗಾ, ಮಂದ್ರ ಧ್ವನಿ. ನಡುವಿನದು ಮೆದಿಯೊ. ಚಿಕ್ಕದು ವಿಯೊಲಾ, ತಾರ ಧ್ವನಿ.

ಹೆದೆ ಏರಿಸುವುದೇ ಕಷ್ಟದ ಹಂತ. ಬಿಲ್ಲಿನ ಬುಡವನ್ನು ಪಾದದ ಒಳಬದಿಗೆ ಒತ್ತಿ, ಕೋಲಿನ ನಡುವೆ ಮೊಣಕಾಲು ಕೊಟ್ಟು, ಎಡಗೈಯಲ್ಲಿ ತುದಿ ಬಾಗಿಸಿ, ಬಲಗೈಯಲ್ಲಿ ಹುರಿ ಎಳೆದು ಸುತ್ತಬೇಕು. ಮರಕ್ಕೂ ತಂತಿಗೂ ನಡುವೆ ಒಂದು ಗೇಣಿಗಿಂತ ಕಡಿಮೆ ಅಂತರ ಸಾಕು. ಹೆಚ್ಚು ಬಾಗಿಸಿದರೆ ಜೋರಾಗಿ ನುಡಿಯುತ್ತದೆಂದು ಹೊಸಬರು ಭಾವಿಸುತ್ತಾರೆ. ಹಾಗೆ ಮಾಡಿದರೆ ಕೋಲು ಸೋತು ಬಿಗಿ ಕಳೆದುಕೊಳ್ಳುತ್ತದೆ, ಇಲ್ಲವೇ ನಡುವಿಗೆ ಮುರಿಯುತ್ತದೆ. ಬುರುಡೆಯನ್ನು ಬುಡದಿಂದ ಒಂದು ಗೇಣಿನಷ್ಟು ಮೇಲೆ ಕೂರಿಸಿ, ಮೇಲೆ ಕೆಳಗೆ ಬೆರಳಗಲ ಸರಿಸುತ್ತಾ ತಂತಿಯನ್ನು ಮೀಟುತ್ತಾ ಕೇಳಬೇಕು. ಒಂದು ಜಾಗದಲ್ಲಿ ನಾದ ತಟ್ಟನೆ ತುಂಬಿಕೊಳ್ಳುತ್ತದೆ. ಅದೇ ಅದರ ಮನೆ. ಕೋಲಿನ ಮೇಲೆ ಗುರುತು ಹಾಕಿಕೊಳ್ಳಿ.

ಹಿಡಿಯುವ ಕ್ರಮ ಹೀಗೆ. ಎಡಗೈ ಕಿರುಬೆರಳು ಬುರುಡೆಯ ಹುರಿಯ ಕೆಳಗೆ. ಇಡೀ ವಾದ್ಯದ ಭಾರ ಅದರ ಮೇಲೆ. ಉಂಗುರ ಬೆರಳು, ನಡುಬೆರಳು ಕೋಲನ್ನು ಸುತ್ತುತ್ತವೆ. ಹೆಬ್ಬೆರಳು, ತೋರುಬೆರಳ ನಡುವೆ ಹಳೆಯ ತಾಮ್ರದ ನಾಣ್ಯ ಅಥವಾ ಹೊಳೆಯ ನುಣುಪು ಕಲ್ಲು. ಬಲಗೈಯಲ್ಲಿ ತೆಳು ಕಡ್ಡಿ, ಜೊತೆಗೆ ಬೀಜ ತುಂಬಿದ ಪುಟ್ಟ ಹೆಣೆದ ಬುಟ್ಟಿ, ಕಶಿಶಿ. ಮೊದಲ ವಾರ ಕಿರುಬೆರಳು ಉರಿಯುತ್ತದೆ. ಅದಕ್ಕೆ ಔಷಧಿಯಿಲ್ಲ, ಐದು ನಿಮಿಷ ನುಡಿಸಿ, ಇಳಿಸಿ, ಮತ್ತೆ ಎತ್ತಿಕೊಳ್ಳಬೇಕು. ಕಲ್ಲು ಮುಟ್ಟದಿದ್ದರೆ ಡೊಂ, ಗಟ್ಟಿಯಾಗಿ ಒತ್ತಿದರೆ ಡಿಂ, ಸುಮ್ಮನೆ ಸೋಕಿಸಿದರೆ ಚ್. ಅಂಗೋಲಾ ನಡೆ: ಚ್ ಚ್ ಡೊಂ ಡಿಂ. ಅದನ್ನು ತಿರುಗಿಸಿದರೆ, ಚ್ ಚ್ ಡಿಂ ಡೊಂ, ಸಾವೊ ಬೆಂತೊ ಪೆಕೆನೊ. ಕೊನೆಗೆ ಇನ್ನೊಂದು ಡೊಂ ಸೇರಿಸಿದರೆ ಸಾವೊ ಬೆಂತೊ ಗ್ರಾಂದೆ. ಬುರುಡೆಯ ಬಾಯನ್ನು ಹೊಟ್ಟೆಗೆ ತಾಗಿಸಿ ದೂರ ಮಾಡಿದಂತೆಲ್ಲ ನಾದ ಮುಚ್ಚಿ ತೆರೆಯುತ್ತದೆ. ಕವಲರಿಯಾ ಎಂಬ ಒಂದು ನಡೆಯಿದೆ, ಕುದುರೆ ಓಟದ ಲಯದ್ದು. ಕುದುರೆ ಪೊಲೀಸರು ಬರುತ್ತಿದ್ದಾರೆಂದು ಆಟಗಾರರಿಗೆ ಎಚ್ಚರಿಕೆ ಕೊಡಲು ನುಡಿಸುತ್ತಿದ್ದುದು.

ಸಾಲ್ವಡಾರ್ ಸುತ್ತಲಿನ ಕಾಡು ಕರಗಿ ಒಳ್ಳೆಯ ಬಿರಿಬಾ ದೂರವಾಗುತ್ತಿದೆ. ಬಣ್ಣ ಬಳಿದು ಪ್ರವಾಸಿಗರಿಗೆ ಮಾರುವ ಆಟಿಕೆ ಬೆರಿಂಬಾವ್‌ಗಳಿಗೂ ಇದೇ ಮರ ಹೋಗುತ್ತದೆ. ನುಡಿಸುವ ಮನಸ್ಸಿಲ್ಲದಿದ್ದರೆ ದಯವಿಟ್ಟು ಕೊಳ್ಳಬೇಡಿ.

ಗುರುವಾರ

ಪೆಲೊರಿನ್ಯೊದಿಂದ ಕಾರ್ಮೊ ಏರು ಹತ್ತಿ, ಹಳೆಯ ಮನೆಗಳ ಉದ್ದನೆಯ ಬೀದಿಯಲ್ಲಿ ಸುಮಾರು ಒಂದು ಕಿಲೋಮೀಟರ್ ನಡೆದರೆ ಕೊನೆಯಲ್ಲಿ ಬಿಳಿ ಗೋಡೆಯ ಕೋಟೆ, ಸಾಂತೊ ಆಂತೊನಿಯೊ. ಕೋಟೆಯಾಗಿದ್ದದ್ದು ಆಮೇಲೆ ಜೈಲಾಯಿತು. ಜೈಲು ಮುಚ್ಚಿದ ಮೇಲೆ ಪಾಳು ಬಿತ್ತು. ಪಸ್ತಿನ್ಯಾ ತೀರಿಕೊಂಡ ಮರುವರ್ಷ, 1982ರಲ್ಲಿ, ಅವರ ಶಿಷ್ಯರೊಬ್ಬರು ಈ ಪಾಳು ಕೋಟೆಯಲ್ಲಿ ಗುರುವಿನ ಶಾಲೆಯನ್ನು ಮತ್ತೆ ತೆರೆದರು. ಅವರೇ ಮೆಸ್ತ್ರೆ ಜೊವಾಂವ್ ಪೆಕೆನೊ, ಚಿಕ್ಕ ಜೊವಾಂವ್.

ಹುಟ್ಟಿದ್ದು 1917ರ ಡಿಸೆಂಬರ್ 27ರಂದು, ಬಹಿಯಾದ ಒಳನಾಡಿನ ಅರಸಿಯಲ್ಲಿ. ತಂದೆ ದನ ಕಾಯುವವರು. ಹದಿನೈದರಲ್ಲಿ ಬರಗಾಲಕ್ಕೆ ಊರು ಬಿಟ್ಟು ನಡೆದರು, ಕಬ್ಬಿನ ಗದ್ದೆಯಲ್ಲಿ ಎತ್ತು ಹೊಡೆದರು, ಅಲ್ಲಿನ ಕಮ್ಮಾರರೊಬ್ಬರಿಂದ ಕಪೊಯೆರಾದ ಮೊದಲ ಪರಿಚಯವಾಯಿತು. ಸಾಲ್ವಡಾರ್‌ಗೆ ಬಂದು ಗಾರೆ ಕೆಲಸದ ಆಳಾಗಿ, ಗಾರೆಯವರಾಗಿ, ಕೊನೆಗೆ ಕಟ್ಟಡದ ಮೇಸ್ತ್ರಿಯಾದರು. ಪೋರ್ಚುಗೀಸಿನಲ್ಲಿ ಅದಕ್ಕೆ ಮೆಸ್ತ್ರೆ ದೆ ಒಬ್ರಾಸ್ ಎನ್ನುತ್ತಾರೆ. ಹಗಲು ಆ ಮೇಸ್ತ್ರಿ, ಬಿಡುವಲ್ಲಿ ಈ ಮೆಸ್ತ್ರೆ. ಒಂದೇ ಪದ ಎರಡು ಸಲ ದುಡಿದು ಪಡೆದವರು. ಪಸ್ತಿನ್ಯಾರ ಶಾಲೆಯಲ್ಲಿ ಹೊಸಬರನ್ನು ತಿದ್ದುವ ಹೊಣೆ ಇವರದಾಗಿತ್ತು. ಮುಂದೆ ಹೆಸರು ಮಾಡಿದ ಎಷ್ಟೋ ಅಂಗೋಲಾ ಮೆಸ್ತ್ರೆಗಳು ಇವರ ಕೈಯಲ್ಲಿ ಪಳಗಿದವರು. ಜೊತೆಗಾರರು ಮೆಸ್ತ್ರೆ ಜೊವಾಂವ್ ಗ್ರಾಂದೆ, ದೊಡ್ಡ ಜೊವಾಂವ್. ಇವರು 1990ರಲ್ಲಿ ಅಮೆರಿಕಕ್ಕೆ ಹೋಗಿ ನ್ಯೂಯಾರ್ಕಿನಲ್ಲಿ ಶಾಲೆ ತೆರೆದರು, 2001ರಲ್ಲಿ ಆ ದೇಶದ ರಾಷ್ಟ್ರೀಯ ಪರಂಪರೆ ಗೌರವ ಪಡೆದರು. ಚಿಕ್ಕವರು ಕೋಟೆ ಬಿಡಲಿಲ್ಲ. ಎಂಬತ್ತು ದಾಟಿದ ಮೇಲೂ ವೃತ್ತಕ್ಕಿಳಿದು ಆಡುತ್ತಿದ್ದರು. ಬಹಿಯಾದ ಫೆಡರಲ್ ವಿಶ್ವವಿದ್ಯಾಲಯ ಗೌರವ ಡಾಕ್ಟರೇಟ್ ಕೊಟ್ಟಿತು. 2011ರ ಡಿಸೆಂಬರ್ 9ರಂದು ತೀರಿಕೊಂಡರು. ಕೋಟೆ 2006ರಲ್ಲಿ ದುರಸ್ತಿಯಾಗಿ ಈಗ ಅದರ ಹೆಸರೇ ಕಪೊಯೆರಾ ಕೋಟೆ. ಮೆಸ್ತ್ರೆ ಮೊರಾಯಿಸ್ ಕಟ್ಟಿದ ಅಂಗೋಲಾ ತಂಡವೂ ಇಲ್ಲೇ ಬೇರೂರಿತು.

ಹೊಸಬರಿಗೆ ತರಗತಿಯಲ್ಲಿ ಜಾಗ ಸಿಗುತ್ತದೆ, ಮುಂಚೆ ಕೇಳಿ ಹೋಗಬೇಕಷ್ಟೆ. ಪ್ಯಾಂಟು, ಒಳಸೇರಿಸಿದ ಅಂಗಿ, ಕಾಲಿಗೆ ಶೂ. ಅಂಗೋಲಾ ಶೈಲಿಯಲ್ಲಿ ಬರಿಗಾಲಿಲ್ಲ. ಮೊದಲು ಜಿಂಗಾ, ತೂಗಾಡುವ ಮೂಲ ಹೆಜ್ಜೆ. ಕಾಲು ಭುಜದಗಲ, ಮೊಣಕಾಲು ಬಾಗಿರಲಿ. ಬಲಗಾಲು ಹಿಂದೆ ಹೋದಾಗ ಬಲಗೈ ಮುಖಕ್ಕೆ ಅಡ್ಡ ಬರಬೇಕು. ಮತ್ತೆ ಅಗಲಕ್ಕೆ ಬಂದು ಎಡಗಾಲು ಹಿಂದೆ, ಎಡಗೈ ಮುಂದೆ. ಹೊಸಬರು ಮಾಡುವ ತಪ್ಪು ಮೂರು ಬಗೆಯದು: ನೆಗೆಯುತ್ತಾರೆ, ಕಾಲುಗಳನ್ನು ಹತ್ತಿರ ತರುತ್ತಾರೆ, ನೆಲ ನೋಡುತ್ತಾರೆ. ಕಾಲು ಹತ್ತಿರ ಬಂದ ಕ್ಷಣದಲ್ಲಿ ಎದುರಿನವರು ಪಾದ ಕೊಕ್ಕೆ ಹಾಕಿ ಎಳೆದರೆ ಮುಗಿಯಿತು. ಬಿಂಬಾ ಹೊಸ ಶಿಷ್ಯರ ಎರಡೂ ಕೈ ಹಿಡಿದುಕೊಂಡು, ಎದುರು ಬದುರಾಗಿ ತೂಗುತ್ತಾ ಜಿಂಗಾ ಕಲಿಸುತ್ತಿದ್ದರು. ಈಗಲೂ ಒಳ್ಳೆಯ ಮೆಸ್ತ್ರೆಗಳು ಹಾಗೆ ಮಾಡುತ್ತಾರೆ. ಹೇಳಿದ್ದಕ್ಕಿಂತ ಅಂಗೈಯಿಂದ ದಾಟಿದ ತೂಕ ಬೇಗ ಮೈಗೆ ಹತ್ತುತ್ತದೆ.

ಆಮೇಲೆ ನೆಗತಿವಾ, ನೆಲಕ್ಕಿಳಿದು ತಪ್ಪಿಸಿಕೊಳ್ಳುವ ಭಂಗಿ. ಕುಕ್ಕರಗಾಲಲ್ಲಿ ಇಳಿದು, ಎರಡೂ ಕೈ ಒಂದೇ ಮಗ್ಗುಲಿಗೆ ಊರಿ, ಒಂದು ಕಾಲು ಮಡಚಿ ಇನ್ನೊಂದನ್ನು ಚಾಚಬೇಕು. ತಲೆ ನೆಲದಿಂದ ಒಂದು ಗೇಣಿನ ಮೇಲೆ, ಕಣ್ಣು ಎದುರಿನವರ ಮೇಲೆ. ಕುಂಡೆ ನೆಲಕ್ಕೆ ತಾಗಬಾರದು. ಭಾರವನ್ನೆಲ್ಲ ಮಣಿಕಟ್ಟಿಗೆ ಬಿಟ್ಟರೆ ಮರುದಿನ ಬೆರಿಂಬಾವ್ ಹಿಡಿಯಲಾಗದು. ಬೆರಳುಗಳನ್ನು ಅಗಲಿಸಿ ಊರಿ, ಮೊಣಕೈಯನ್ನು ಪಕ್ಕೆಗೆ ತಂದುಕೊಳ್ಳಬೇಕು. ತೊರಕೆ ಮೀನಿನ ಬಾಲ ಎಂಬ ಹೆಸರಿನ ಒದೆತವಿದೆ, ರಾಬೊ ದೆ ಅರಾಯಾ. ತಿರುಗಿ ಎರಡೂ ಕೈ ನೆಲಕ್ಕಿಟ್ಟು, ಹಿಮ್ಮಡಿಯನ್ನು ಅರ್ಧವೃತ್ತವಾಗಿ ಬೀಸುವುದು. ತಿರುಗುವಾಗ ತೋಳಿನ ಕೆಳಗಿನಿಂದ ಎದುರಿನವರನ್ನು ನೋಡುತ್ತಲೇ ಇರಬೇಕು. ನೋಡದೆ ಬೀಸಿದ ಕಾಲು ಎಲ್ಲಿ ನಿಲ್ಲಬೇಕೆಂದು ಬೀಸಿದವರಿಗೇ ಗೊತ್ತಿರುವುದಿಲ್ಲ. ಚಕ್ರದ ಪಲ್ಟಿಗೆ ಆ-ಊ ಎನ್ನುತ್ತಾರೆ, ಇಲ್ಲಿ ಅದು ಮಡಚಿದ ಕಾಲಿನಲ್ಲಿ. ಸರ್ಕಸ್ಸಿನಂತೆ ಕಾಲು ನೆಟ್ಟಗೆ ಮಾಡಿದರೆ ಹೊಟ್ಟೆ ಬಯಲಾಗಿ ತಲೆಯಿಂದ ಗುದ್ದಿಸಿಕೊಳ್ಳಬೇಕಾಗುತ್ತದೆ.

ಚಿಕ್ಕ ಜೊವಾಂವ್ ತಿದ್ದುತ್ತಿದ್ದುದರಲ್ಲಿ ಮುಖ್ಯವಾದದ್ದು ಒದೆಯುವುದಲ್ಲ, ನಿಲ್ಲಿಸುವುದು. ಎದುರಿನವರು ತಪ್ಪಿಸಿಕೊಳ್ಳಲಾಗದೆ ಹೋದರೆ ಕಾಲು ಮುಟ್ಟುವ ಮುಂಚೆ ನಿಲ್ಲಬೇಕು. ಹೊಡೆಯಬಹುದಿತ್ತು ಎಂಬುದು ಇಬ್ಬರಿಗೂ ತಿಳಿದರೆ ಸಾಕು. ಬೆರಳಗಲದಲ್ಲಿ ಕಾಲು ನಿಲ್ಲಿಸಲು ಹೊಟ್ಟೆಯ ಕಸುವು ಬೇಕು, ನಿಧಾನದ ಅಭ್ಯಾಸ ಬೇಕು, ಅದಕ್ಕೆ ವರ್ಷಗಳು ಹಿಡಿಯುತ್ತವೆ. ವೀಡಿಯೊ ನೋಡಿ ಒದೆತ ಕಲಿಯಬಹುದು. ಈ ನಿಲುಗಡೆ ಕಲಿಯಲು ಎದುರಿಗೆ ಒಬ್ಬ ಮೆಸ್ತ್ರೆ ಇರಲೇಬೇಕು.

ಶುಕ್ರವಾರ

ಶುಕ್ರವಾರ ಒಶಲಾ ದೈವದ ದಿನ. ಊರಲ್ಲಿ ಬಹಳ ಮಂದಿ ಬಿಳಿ ಉಡುತ್ತಾರೆ, ನೀವೂ ಉಡಿ. ಬೆಳಿಗ್ಗೆ ಲಿಬರ್ದಾದೆ ಬಡಾವಣೆ. 1974ರಲ್ಲಿ ಇಲೆ ಆಯೆ ಎಂಬ ಕಪ್ಪು ಜನರ ಕಾರ್ನಿವಲ್ ತಂಡ ಹುಟ್ಟಿದ್ದು ಇಲ್ಲಿನ ಕುರುಜುನಲ್ಲಿ. ಇದೇ ಬಡಾವಣೆಯ ಗುಡಿಸಲ ಚಪ್ಪರದಲ್ಲಿ ಮೆಸ್ತ್ರೆ ವಾಲ್ದೆಮಾರ್ ಭಾನುವಾರದ ಆಟ ನಡೆಸುತ್ತಿದ್ದರು. ಬೆರಿಂಬಾವ್ ಕೋಲಿಗೆ ಬಣ್ಣ ಹಚ್ಚಿ ಮಾರುವ ರೂಢಿಗೂ ಅವರ ಹೆಸರು ಅಂಟಿಕೊಂಡಿದೆ.

ಮಧ್ಯಾಹ್ನ ವಾಸ್ಕೊ ದ ಗಾಮಾ ರಸ್ತೆಯ ಕಾಸಾ ಬ್ರಾಂಕಾ. ಒರಿಶಾ ದೈವಗಳನ್ನು ಪೂಜಿಸುವ ಕಂದೊಂಬ್ಲೆ ಮತದ ಹಳೆಯ ಮನೆ. 1984ರಲ್ಲಿ ರಾಷ್ಟ್ರೀಯ ಸ್ಮಾರಕವಾದಾಗ ಅಂಥ ಮಾನ್ಯತೆ ಪಡೆದ ಮೊದಲ ಕಂದೊಂಬ್ಲೆ ಮನೆ ಇದು. ಬಹಿಯಾದಲ್ಲಿ 1976ರವರೆಗೂ ಈ ಪೂಜೆಗೆ ಪೊಲೀಸ್ ಪರವಾನಗಿ ಬೇಕಿತ್ತು. ಒಳಗೆ ಹೋಗಲು ಅನುಮತಿ ಸಿಕ್ಕರೆ ತಿಳಿ ಬಣ್ಣದ ಉಡುಗೆ, ಮೊಣಕಾಲು ಮುಚ್ಚಿರಲಿ, ಕಪ್ಪು ಬೇಡ, ಫೋಟೊ ಬೇಡವೇ ಬೇಡ. ಮದ್ದಳೆಗಳ ಹತ್ತಿರ ಹೋಗಬಾರದು, ಮುಟ್ಟಬಾರದು. ಅವು ದೀಕ್ಷೆ ಪಡೆದ ವಾದ್ಯಗಳು. ಕಪೊಯೆರಾದ ಸಾಲಿನಲ್ಲಿ ಕೂರುವ ಅತಬಾಕೆ ಇದೇ ಮದ್ದಳೆಯ ಬಂಧು. ಅಲ್ಲೂ ಯಾರನ್ನೂ ಕೇಳದೆ ಅದನ್ನು ತಟ್ಟಬಾರದೆಂಬ ನಿಯಮ ಏಕಿದೆಯೆಂದು ಇಲ್ಲಿ ಬಂದವರಿಗೆ ತಿಳಿಯುತ್ತದೆ.

ಶನಿವಾರ

ಆಟದ ವೃತ್ತಕ್ಕೆ ರೋದಾ ಎಂದು ಬರೆಯುತ್ತಾರೆ, ಹೋದಾ ಎನ್ನುತ್ತಾರೆ. ಅರ್ಧ ಗಂಟೆ ಮೊದಲೇ ಹೋಗಿ ಕುಳಿತರೆ ಹೆದೆ ಏರಿಸುವುದನ್ನೂ ಶ್ರುತಿ ಕೂಡಿಸುವುದನ್ನೂ ನೋಡಬಹುದು. ಅರ್ಧ ಆಟ ಅಲ್ಲಿಯೇ ಇದೆ.

ಬೆಂಚಿನ ಮೇಲೆ ಎಂಟು ವಾದ್ಯ: ಮೂರು ಬೆರಿಂಬಾವ್, ಎರಡು ಪಂದೆಯ್ರೊ, ಒಂದು ಅತಬಾಕೆ, ಜೋಡಿ ಗಂಟೆಯ ಅಗೊಗೊ, ಗೀರಿದ ಬಿದಿರಿನ ರೆಕೊ-ರೆಕೊ. ಪಂದೆಯ್ರೊ ನಮ್ಮ ಕಂಜಿರದ ಹತ್ತಿರದ್ದು, ಅಂಚಿಗೆ ಬಿಲ್ಲೆಗಳಿರುತ್ತವೆ. ಗುಂಗಾ ಮೊದಲು ಶುರು, ಅದು ನೆಲೆ ನಿಂತ ಮೇಲೆ ಮೆದಿಯೊ ತಿರುಗು ನಡೆಯಲ್ಲಿ ಉತ್ತರ ಕೊಡುತ್ತದೆ, ವಿಯೊಲಾ ಮೇಲೆ ಮೇಲೆ ಕುಸುರಿ ಹಾಕುತ್ತದೆ. ಉಳಿದವು ಒಂದೊಂದಾಗಿ ಸೇರುತ್ತವೆ. ಯಕ್ಷಗಾನ ನೋಡಿದವರಿಗೆ ಇದನ್ನು ವಿವರಿಸಬೇಕಿಲ್ಲ. ಗುಂಗಾ ಹಿಡಿದವರೇ ಭಾಗವತರು. ಕುಣಿಯುವವರು ಎಷ್ಟೇ ದೊಡ್ಡವರಾದರೂ ಹಿಮ್ಮೇಳ ಬಿಟ್ಟು ಹೋಗುವಂತಿಲ್ಲ.

ಇಬ್ಬರು ಬಂದು ಬೆರಿಂಬಾವ್‌ಗಳ ಬುಡದಲ್ಲಿ ಕುಕ್ಕರುಗಾಲಲ್ಲಿ ಕೂರುತ್ತಾರೆ. ಇಯೇ ಎಂಬ ನೀಳ ಕೂಗು ಬೀಳುತ್ತದೆ. ಒಬ್ಬರೇ ಹಾಡುವ ಲದಾಯಿನ್ಯಾ ಶುರು. ಆಗ ಯಾರೂ ಆಡುವುದಿಲ್ಲ, ಕೇಳುತ್ತಾರೆ. ಸತ್ತುಹೋದ ಮೆಸ್ತ್ರೆಗಳ ಹೆಸರು, ಅಂಗೋಲಾದ ನೆನಪು, ಕೆಲವು ಸಲ ಕೂತವರಿಬ್ಬರಿಗೆ ಚುಚ್ಚುಮಾತು ಅದರಲ್ಲಿ ಬರುತ್ತದೆ. ಆ ಬಳಿಕ ಸ್ತುತಿಯ ಸಾಲುಗಳು; ಪ್ರತಿ ಸಾಲಿಗೂ ವೃತ್ತವೆಲ್ಲ ದನಿಗೂಡಿಸುತ್ತದೆ. ಕೊನೆಗೆ ಕೊರ್ರಿದೊ ಎಂಬ ಚಿಕ್ಕ ಸವಾಲ್-ಜವಾಬ್ ಹಾಡು. ಆಗಷ್ಟೇ ಗುಂಗಾ ತುದಿ ಇಬ್ಬರ ನಡುವೆ ಬಾಗುತ್ತದೆ. ಕೈ ಕೊಟ್ಟುಕೊಂಡು ಒಳಗೆ ಇಳಿಯುತ್ತಾರೆ.

ನೋಡುವವರು ಗಮನಿಸಬೇಕಾದ ಕ್ಷಣ ಶಮಾದಾ. ನಡುವೆ ಒಬ್ಬರು ತಟ್ಟನೆ ನಿಂತು ತೋಳು ಚಾಚಿ ಕರೆಯುತ್ತಾರೆ. ಇನ್ನೊಬ್ಬರು ಸುತ್ತು ಹಾಕಿ, ಕೆಳಗಿನಿಂದ, ಒಂದು ಕೈ ಮುಖಕ್ಕೆ ಇನ್ನೊಂದು ಹೊಟ್ಟೆಗೆ ಅಡ್ಡವಿಟ್ಟು ಹತ್ತಿರ ಬಂದು ಅಂಗೈಗೆ ಅಂಗೈ ಕೊಡಬೇಕು. ಇಬ್ಬರೂ ಮೂರು ಹೆಜ್ಜೆ ಮುಂದೆ, ಮೂರು ಹೆಜ್ಜೆ ಹಿಂದೆ ನಡೆಯುತ್ತಾರೆ. ಕರೆದವರು ಬಿಡುಗಡೆ ಕೊಡುವವರೆಗೂ ಎಚ್ಚರ ತಪ್ಪಬಾರದು. ಸ್ನೇಹದ ಕರೆಯೆಂದು ನೆಟ್ಟಗೆ ನಡೆದು ಬಂದವರಿಗೆ ಮೊಣಕಾಲು ಕಾದಿರುತ್ತದೆ. ಮುಗಿಯಿತೆಂದು ಬೆನ್ನು ತಿರುಗಿಸಿದವರಿಗೆ ಕಾಲ ಕೊಕ್ಕೆ. ಯಜಮಾನನ ನಗುಮುಖವನ್ನು ನಂಬಿ ಕೆಟ್ಟವರ ಮಕ್ಕಳು ಕಲಿತ ಪಾಠ ಈ ಹೆಜ್ಜೆಗಳಲ್ಲಿ ಇದೆಯೆಂದೇ ಇದನ್ನು ಬಲ್ಲವರು ಓದುತ್ತಾರೆ. ಮಿಕ್ಕ ಶೈಲಿಗಳಲ್ಲಿ ಇದು ಹೆಚ್ಚು ಕಡಿಮೆ ಮರೆತೇ ಹೋಗಿದೆ. ಅಂಗೋಲಾ ಶೈಲಿಯವರು ಉಳಿಸಿಕೊಂಡದ್ದು ದೊಡ್ಡ ಉಪಕಾರ.

ರೋದಾ ಕೆಡುವ ಬಗೆಗಳೂ ಗೊತ್ತಿರಬೇಕು. ಅತಬಾಕೆಯವರು ಹುರುಪಿನಲ್ಲಿ ಜೋರು ಮಾಡಿದರೆ ಬೆರಿಂಬಾವ್ ಮುಳುಗುತ್ತದೆ. ಪಂದೆಯ್ರೊ ಓಡಿದರೆ ಲಯವೆಲ್ಲ ಓಡುತ್ತದೆ, ಆಟಗಾರರು ಬೀಸಲು ತೊಡಗುತ್ತಾರೆ, ಕಾಲು ನಿಲ್ಲಿಸಲಾಗದ ವೇಗ ಬಂದುಬಿಡುತ್ತದೆ. ಆಗ ಮೆಸ್ತ್ರೆ ಬಾಯಿ ಬಿಡುವುದಿಲ್ಲ. ಗುಂಗಾವನ್ನು ಹಟದಿಂದ ಹಿಂದಕ್ಕೆ ಎಳೆದು ನುಡಿಸುತ್ತಾರೆ, ಉಳಿದವರು ನಾಚಿ ಹಿಂದೆ ಬರುತ್ತಾರೆ. ಅದಕ್ಕೂ ಬಗ್ಗದಿದ್ದರೆ ಒಂದೇ ಸ್ವರವನ್ನು ಬಿಡದೆ ಬಾರಿಸಿ ಆಟಗಾರರನ್ನು ಬುಡಕ್ಕೆ ಕರೆಸಿಕೊಳ್ಳುತ್ತಾರೆ. ಕೂತವರು ಜವಾಬು ಹಾಡದಿದ್ದರೂ ಆಟ ಸೊರಗುತ್ತದೆ. ಎರಡು ಸಾಲು ಕೇಳಿ ಮೂರನೆಯದಕ್ಕೆ ದನಿ ಸೇರಿಸಿ, ಉಚ್ಚಾರ ತಪ್ಪಿದರೂ ಪರವಾಗಿಲ್ಲ. ಚಪ್ಪಾಳೆ ಬೇಡ, ಅಂಗೋಲಾ ರೋದಾದಲ್ಲಿ ಸಾಮಾನ್ಯವಾಗಿ ಇರುವುದಿಲ್ಲ. ಫ್ಲ್ಯಾಶ್ ಹಾಕಬೇಡಿ. ಹಳೆಯ ತಂತಿ ಕುಣಿಕೆಯ ಹತ್ತಿರ ತುಕ್ಕು ಹಿಡಿದು ಕಡಿಯುವುದುಂಟು. ಅದು ಕಣ್ಣಿನ ಮಟ್ಟದಲ್ಲೇ ಚಿಮ್ಮುತ್ತದೆ, ವಾದ್ಯಗಳ ತೀರಾ ಪಕ್ಕದಲ್ಲಿ ಕೂರಬೇಡಿ.

ಇಂಥ ಸಂಜೆಯ ಬೆಲೆಯನ್ನು ಸರ್ಕಾರ ತಡವಾಗಿ ಗುರುತಿಸಿತು. 2008ರ ಜುಲೈನಲ್ಲಿ ಬ್ರೆಜಿಲ್‌ನ ಪರಂಪರೆ ಇಲಾಖೆ ಎರಡು ಬೇರೆ ಪುಸ್ತಕಗಳಲ್ಲಿ ದಾಖಲು ಮಾಡಿತು: ಅಭಿವ್ಯಕ್ತಿಗಳ ಪುಸ್ತಕದಲ್ಲಿ ರೋದಾ, ಅರಿವುಗಳ ಪುಸ್ತಕದಲ್ಲಿ ಮೆಸ್ತ್ರೆಯ ಕಸುಬು. 2014ರ ನವೆಂಬರಿನಲ್ಲಿ ಯುನೆಸ್ಕೊ ಪಟ್ಟಿಗೆ ಸೇರಿದ್ದು ರೋದಾ. ಎರಡರಲ್ಲಿ ಕಸುಬಿನ ದಾಖಲೆಯೇ ಹೆಚ್ಚಿನದು. ಏಕೆಂದರೆ 1998ರಲ್ಲಿ ದೈಹಿಕ ಶಿಕ್ಷಣ ವೃತ್ತಿಗೆ ಕಾನೂನು ಬಂದಾಗ, ಪದವಿಯಿಲ್ಲದವರು ಕಪೊಯೆರಾ ಕಲಿಸಬಾರದೆಂಬ ವಾದ ಎದ್ದಿತು. ಅಕ್ಷರ ಹೆಚ್ಚು ಕಲಿಯದ ಮುದುಕರ ಕೈಯಲ್ಲಿ ಉಳಿದ ವಿದ್ಯೆಯನ್ನು ಅವರಿಂದಲೇ ಕಿತ್ತುಕೊಳ್ಳುವ ಮಾತು ಅದು. ಮೆಸ್ತ್ರೆಗಳು ಒಪ್ಪಲಿಲ್ಲ, ಹೋರಾಡಿದರು. ವಯಸ್ಸಾದ ಮೆಸ್ತ್ರೆಗಳಿಗೆ ಪಿಂಚಣಿ, ಅವರ ಅರಿವಿಗೆ ವಿದ್ಯಾಸಂಸ್ಥೆಗಳಲ್ಲಿ ಮಾನ್ಯತೆ, ಬಿರಿಬಾ ಮರದ ರಕ್ಷಣೆ, ಇವು 2008ರ ಶಿಫಾರಸುಗಳಲ್ಲಿದ್ದವು. ಪಸ್ತಿನ್ಯಾರಿಗೆ ಇವುಗಳಲ್ಲಿ ಒಂದಾದರೂ ದೊರೆತಿದ್ದರೆ ಎಂದು ಮಂಗಳವಾರ ನೋಡಿದ ಮನೆ ನೆನಪಾಗದೆ ಇರದು.

ಭಾನುವಾರ

ಬೆಳಿಗ್ಗೆಯೇ ಬಸ್ಸು ಹಿಡಿದರೆ ಸುಮಾರು 80 ಕಿ.ಮೀ. ದೂರದ ಸಾಂತೊ ಅಮಾರೊ ನೋಡಿ ಬರಬಹುದು. ಕಬ್ಬಿನ ಸೀಮೆ. 1924ರಲ್ಲಿ ಸತ್ತ ಬೆಜೊರೊ ಎಂಬ ಆಟಗಾರರ ಊರು. ಹಾಡುಗಳಲ್ಲಿ ಅವರ ಹೆಸರು ಇಂದಿಗೂ ಬರುತ್ತದೆ. ಕೋಲಾಟವನ್ನು ಹೋಲುವ ಮಕುಲೆಲೆ ಕುಣಿತವನ್ನು 1940ರ ದಶಕದಲ್ಲಿ ಮೆಸ್ತ್ರೆ ಪೊಪೊ ಮತ್ತೆ ಎಬ್ಬಿಸಿದ್ದು ಇಲ್ಲೇ. ಮೇ 13ರ ಆಸುಪಾಸು ಬಂದವರಿಗೆ ಅದೃಷ್ಟ: ಗುಲಾಮಗಿರಿ ಅಳಿದ ನೆನಪಿಗೆ 1889ರಿಂದ ಸಂತೆ ಮೈದಾನದಲ್ಲೇ ಕಂದೊಂಬ್ಲೆ ನಡೆಯುತ್ತದೆ, ಬೆಂಬೆ ದೊ ಮೆರ್ಕಾದೊ ಎಂದು ಅದರ ಹೆಸರು.

ಸಂಜೆ ಅಕರಜೆ ತಿನ್ನದೆ ಹೊರಡಬಾರದು. ಅಲಸಂದೆ ಕಾಳು ನೆನೆಸಿ, ಸಿಪ್ಪೆ ಪೂರ್ತಿ ಉಜ್ಜಿ ತೆಗೆದು, ಈರುಳ್ಳಿ ಉಪ್ಪು ಹಾಕಿ ರುಬ್ಬಿ, ಮರದ ಸೌಟಿನಿಂದ ಹಗುರಾಗುವವರೆಗೆ ಬಡಿದು, ದೆಂದೆ ಎಂಬ ಕೆಂಪು ತಾಳೆಯೆಣ್ಣೆಯಲ್ಲಿ ಕರಿದ ವಡೆ. ಬಡಿಯುವುದರಲ್ಲಿ ಸೋಮಾರಿತನ ಮಾಡಿದರೆ ಕಲ್ಲಾಗುತ್ತದೆ. ನಮ್ಮ ಉದ್ದಿನ ವಡೆಯ ಗುಟ್ಟೇ ಅಲ್ಲೂ. ಇದು ಇಯಾನ್ಸಾ ದೈವದ ನೈವೇದ್ಯ, ಮಾರುವ ಹೆಂಗಸರು ಬಿಳಿ ಉಡುಗೆಯಲ್ಲಿ ಕೂರುತ್ತಾರೆ. ಸೀಳಿ ಒಳಗೆ ವತಪಾ ಎಂಬ ಗಟ್ಟಿ ಗೊಜ್ಜು ಮತ್ತು ಬೆಂಡೆಕಾಯಿಯ ಕರುರು ತುಂಬುತ್ತಾರೆ. ಎರಡರಲ್ಲೂ ಒಣ ಸಿಗಡಿ ಅರೆದಿರುತ್ತಾರೆ. ಸಸ್ಯಾಹಾರಿಗಳು ಬರೀ ವಡೆ ಕೇಳಿ, ಹಿಟ್ಟಿಗೆ ಸಿಗಡಿ ಹಾಕಿಲ್ಲವೆಂದು ಖಚಿತ ಮಾಡಿಕೊಳ್ಳಬೇಕು. ಬಿಸಿಯೋ ತಣ್ಣಗೋ ಎಂದು ಕೇಳಿದರೆ ಅದು ಮೆಣಸಿನಕಾಯಿಯ ಮಾತು. ಬಿಸಿ ಎಂದರೆ ಖಾರ.

ರಾತ್ರಿ ಬೆರಿಂಬಾವ್ ಕಟ್ಟುವ ಕೆಲಸ. ಹೆದೆ ಇಳಿಸಿ, ತಂತಿಯನ್ನು ಸಡಿಲವಾಗಿ ಸುರುಳಿ ಸುತ್ತಿ, ಕೋಲನ್ನು ಗಟ್ಟಿ ರಟ್ಟಿನ ಕೊಳವೆಯಲ್ಲಿಟ್ಟು ಸಾಮಾನಿಗೆ ಹಾಕಬೇಕು. ಉದ್ದದ ಮಿತಿಯನ್ನು ವಿಮಾನ ಕಂಪನಿಗೆ ಮೊದಲೇ ಕೇಳಿಕೊಳ್ಳಿ. ಬುರುಡೆಯೊಳಗೆ ಬಟ್ಟೆ ತುಂಬಿ ಕೈಚೀಲದಲ್ಲಿ ಇಟ್ಟುಕೊಂಡರೆ ಒಡೆಯುವುದಿಲ್ಲ. ಅದರಲ್ಲಿ ಬೀಜ ಒಂದೂ ಉಳಿದಿರಬಾರದು. ಕಶಿಶಿಯೊಳಗೆ ಬೀಜ ಇರುವುದರಿಂದ ತಪಾಸಣೆಯಲ್ಲಿ ನೀವಾಗಿಯೇ ಹೇಳಿಬಿಡಿ. ಊರಿಗೆ ಬಂದ ಮೇಲೆ, ಕರಾವಳಿ ಮಲೆನಾಡಿನವರಾದರೆ ವಿಶೇಷವಾಗಿ, ಮಳೆಗಾಲದಲ್ಲಿ ವಾರಕ್ಕೊಮ್ಮೆ ತಂತಿ ಒರೆಸಿ ಒಂದು ತೊಟ್ಟು ಎಣ್ಣೆ ಸವರಬೇಕು, ನುಡಿಸಿದ ಮೇಲೆ ಪ್ರತಿ ಸಲವೂ ಹೆದೆ ಇಳಿಸಬೇಕು. ಮುಂದಿನ ಸಲ ಏರಿಸುವಾಗ ಬುರುಡೆಯನ್ನು ಗುರುತಿದ್ದ ಜಾಗಕ್ಕೆ ತಂದು ಒಮ್ಮೆ ಮೀಟಿ ಕೇಳಿ. ಹವೆ ಬದಲಾಗಿರುವುದರಿಂದ ಬೆರಳಗಲ ಸರಿಸಬೇಕಾಗಬಹುದು.